ಪಂಚಾಯಿತಿ ಪರವಾನಗಿ ಮತ್ತು ನ್ಯಾಯಾಲಯ: ಪ್ಲಾಚಿಮಾಡ ಪ್ರಕರಣ

ಕಾರ್ಖಾನೆಯಿಂದ ಪರಿಸರಕ್ಕೆ ಹಾನಿಯಾಗುತ್ತಿದೆ ಎಂಬ ಕಾರಣಕ್ಕೆ ಗ್ರಾಮ ಪಂಚಾಯಿತಿಯು ಪರವಾನಗಿ ನವೀಕರಣವನ್ನು ನಿರಾಕರಿಸಬಹುದೇ? ಕೇರಳದ ಪಾಲಕ್ಕಾಡ್ ಜಿಲ್ಲೆಯ ಪೆರುಮಾಟ್ಟಿ ಗ್ರಾಮ ಪಂಚಾಯಿತಿಯ ಪ್ರಕರಣದಲ್ಲಿ ಈ ಪ್ರಶ್ನೆಯು ದೀರ್ಘ ವಿಚಾರಣೆಗೆ ಒಳಗಾಯಿತು.

ಪ್ಲಾಚಿಮಾಡದಲ್ಲಿ ಹಿಂದುಸ್ತಾನ್ ಕೋಕಾ-ಕೋಲಾ ಸಂಸ್ಥೆಯ ಪಾನೀಯ ಘಟಕಕ್ಕೆ 2000ದಲ್ಲಿ ಪಂಚಾಯಿತಿಯೇ ಪರವಾನಗಿ ನೀಡಿತ್ತು. ಬಾವಿಗಳು ಬತ್ತುತ್ತಿವೆ, ಉಳಿದ ನೀರು ಕುಡಿಯಲು ಯೋಗ್ಯವಾಗಿಲ್ಲ ಎಂದು ಸುತ್ತಲಿನ ನಿವಾಸಿಗಳು 2002ರಲ್ಲಿ ಪ್ರತಿಭಟನೆಗಿಳಿದರು. 2003ರ ಏಪ್ರಿಲ್‌ನಲ್ಲಿ ಪಂಚಾಯಿತಿಯು ಪರವಾನಗಿಯನ್ನು ನವೀಕರಿಸದಿರಲು ತೀರ್ಮಾನಿಸಿತು. ಸಂಸ್ಥೆಯು ಇದನ್ನು ಪ್ರಶ್ನಿಸಿದಾಗ, ತಜ್ಞರಿಂದ ಪರಿಶೀಲನೆ ನಡೆಸಿ ನಂತರವೇ ನಿರ್ಧರಿಸಬೇಕೆಂದು ರಾಜ್ಯ ಸರ್ಕಾರವು ಆದೇಶಿಸಿತು. ಈ ಆದೇಶದ ವಿರುದ್ಧ ಹೈಕೋರ್ಟಿನ ಮೆಟ್ಟಿಲೇರಿದ್ದು ಪಂಚಾಯಿತಿ ಎಂಬುದು ಗಮನಾರ್ಹ.

2003ರ ಡಿಸೆಂಬರ್ 16ರಂದು ಏಕಸದಸ್ಯ ಪೀಠವು ನೀಡಿದ ತೀರ್ಪನ್ನು ಪಂಚಾಯಿತಿಯ ಪೂರ್ಣ ಜಯವೆಂದು ಬಣ್ಣಿಸುವುದುಂಟು, ಅದು ಸರಿಯಲ್ಲ. ಅಂತರ್ಜಲವು ಸಾರ್ವಜನಿಕ ಸಂಪತ್ತು, ಸರ್ಕಾರವು ಅದರ ಧರ್ಮದರ್ಶಿ ಮಾತ್ರ, ಅದನ್ನು ರಕ್ಷಿಸುವುದು ಪಂಚಾಯಿತಿಯ ಕರ್ತವ್ಯ ಎಂದು ಪೀಠವು ಹೇಳಿತು. ಒಂದು ತಿಂಗಳೊಳಗೆ ಬೇರೆ ಜಲಮೂಲವನ್ನು ಹುಡುಕಿಕೊಳ್ಳುವಂತೆ ಸಂಸ್ಥೆಗೆ ಸೂಚಿಸಿತು. ಆದರೆ ಅತಿಯಾಗಿ ನೀರೆತ್ತುವುದನ್ನು ತಡೆಯಬಹುದೇ ಹೊರತು ಅದೇ ಕಾರಣಕ್ಕೆ ಕಾರ್ಖಾನೆಯನ್ನೇ ಮುಚ್ಚಿಸುವ ಅಧಿಕಾರ ಪಂಚಾಯಿತಿಗಿಲ್ಲ ಎಂದೂ ಸ್ಪಷ್ಟಪಡಿಸಿತು. ಉದ್ಯಮಿಗಳ ದೃಷ್ಟಿಯಿಂದ ಈ ಎರಡನೆಯ ಭಾಗವೇ ಹೆಚ್ಚು ಮುಖ್ಯವಾದುದು.

ಮೇಲ್ಮನವಿಯಲ್ಲಿ ಚಿತ್ರ ಬದಲಾಯಿತು. ಕೋಯಿಕ್ಕೋಡಿನ ಜಲಸಂಪನ್ಮೂಲ ಅಭಿವೃದ್ಧಿ ಮತ್ತು ನಿರ್ವಹಣಾ ಕೇಂದ್ರದ ತಜ್ಞರ ವರದಿಯನ್ನು ಆಧರಿಸಿದ ವಿಭಾಗೀಯ ಪೀಠವು, 2005ರ ಏಪ್ರಿಲ್ 7ರಂದು, ದಿನಕ್ಕೆ 5 ಲಕ್ಷ ಲೀಟರ್‌ವರೆಗೆ ನೀರೆತ್ತಲು ಸಂಸ್ಥೆಗೆ ಅವಕಾಶ ನೀಡಿತು. ನಿಷೇಧಿಸುವ ಕಾನೂನು ಇಲ್ಲದಿರುವಾಗ ಭೂಮಾಲೀಕನು ತನ್ನ ನೆಲದ ನೀರನ್ನು ಮಿತವಾಗಿ ಬಳಸಬಹುದೆಂಬುದು ಪೀಠದ ನಿಲುವು. ಬಾವಿಗಳ ನೀರಿನ ಮಟ್ಟ, ಮಳೆಯ ಪ್ರಮಾಣ, ಪಂಪಿನ ದಿನವಹಿ ಲೆಕ್ಕ ಇವು ಇಂಥ ವ್ಯಾಜ್ಯಗಳಲ್ಲಿ ವಾದದಷ್ಟೇ ತೂಕ ಪಡೆಯುತ್ತವೆ. ಈ ದಾಖಲೆಗಳನ್ನು ನೋಟಿಸು ಬಂದ ಮೇಲೆ ಸಿದ್ಧಪಡಿಸಲಾಗದು.

ತೀರ್ಪು ಅನುಕೂಲವಾಗಿ ಬಂದರೂ 2004ರ ಮಾರ್ಚ್‌ನಲ್ಲಿ ನಿಂತಿದ್ದ ಉತ್ಪಾದನೆ ಪುನರಾರಂಭವಾಗಲಿಲ್ಲ. 2005ರ ಆಗಸ್ಟ್‌ನಲ್ಲಿ, ತ್ಯಾಜ್ಯದಲ್ಲಿ ಕಂಡುಬಂದ ಕ್ಯಾಡ್ಮಿಯಂ ಕುರಿತು ತೃಪ್ತಿಕರ ವಿವರಣೆ ದೊರೆಯಲಿಲ್ಲವೆಂದು ಕೇರಳ ಮಾಲಿನ್ಯ ನಿಯಂತ್ರಣ ಮಂಡಳಿಯು ಸಮ್ಮತಿಯನ್ನು ನಿರಾಕರಿಸಿತು. ಪಂಚಾಯಿತಿಯ ಪರವಾನಗಿ, ಮಂಡಳಿಯ ಸಮ್ಮತಿ ಎರಡೂ ಬೇರೆ ಬೇರೆ. ಒಂದಿದ್ದ ಮಾತ್ರಕ್ಕೆ ಇನ್ನೊಂದು ದೊರೆಯಬೇಕೆಂದಿಲ್ಲ. ಕರ್ನಾಟಕದಲ್ಲಿಯೂ ಗ್ರಾಮ ಪಂಚಾಯಿತಿ ವ್ಯಾಪ್ತಿಯ ಕಾರ್ಖಾನೆಗಳಿಗೆ 1993ರ ಪಂಚಾಯತ್ ರಾಜ್ ಅಧಿನಿಯಮದ ಅನುಮತಿಯ ಜೊತೆಗೆ, 1974ರ ಜಲ ಅಧಿನಿಯಮ ಹಾಗೂ 1981ರ ವಾಯು ಅಧಿನಿಯಮಗಳ ಸಮ್ಮತಿಯ ವಿಷಯವನ್ನು ಪ್ರತ್ಯೇಕವಾಗಿಯೇ ನೋಡಿಕೊಳ್ಳಬೇಕಾಗುತ್ತದೆ. ಪಂಚಾಯಿತಿಯ ಆದೇಶದ ವಿರುದ್ಧ ಶಾಸನಬದ್ಧ ಮೇಲ್ಮನವಿಗೆ ಅವಕಾಶವಿರುವಾಗ ನೇರವಾಗಿ ರಿಟ್ ಅರ್ಜಿ ಸಲ್ಲಿಸಿದರೆ ಹೈಕೋರ್ಟು ಸಾಮಾನ್ಯವಾಗಿ ಮೊದಲು ಆ ಮಾರ್ಗವನ್ನೇ ತೋರಿಸುತ್ತದೆ.

ಪ್ಲಾಚಿಮಾಡದ ವ್ಯಾಜ್ಯವು ಸುಪ್ರೀಂ ಕೋರ್ಟಿನಲ್ಲಿ 2017ರವರೆಗೂ ಉಳಿಯಿತು. ಘಟಕವನ್ನು ಪುನರಾರಂಭಿಸುವ ಉದ್ದೇಶವಿಲ್ಲವೆಂದು ಸಂಸ್ಥೆಯು ತಿಳಿಸಿದ ಮೇಲೆ ನ್ಯಾಯಾಲಯವು ಪ್ರಕರಣವನ್ನು ಮುಕ್ತಾಯಗೊಳಿಸಿತು.