ಗಂಟಿನೊಳಗಿನ ಆಟ

ಹತ್ತಿಯ ವ್ಯಾಪಾರ ಬಲ್ಲವರಿಗೆ ಒಂದು ಸಂಗತಿ ಗೊತ್ತು. ಗಾಡಿಯ ತುಂಬ ಬಂದ ಬಿಡಿ ಅರಳೆ ಪ್ರೆಸ್ಸನ್ನು ಹೊಕ್ಕು ಹೊರಬರುವಾಗ ಬಿಗಿಯಾದ ಒಂದು ಬೇಲು ಆಗಿರುತ್ತದೆ. ತೂಕ ಮೊದಲಿನಷ್ಟೇ, ಕಳೆದುಹೋದದ್ದು ಎಳೆಗಳ ನಡುವಣ ಗಾಳಿ ಮಾತ್ರ. ಇಂದು ಮನೆಮನೆಯ ಕಂಪ್ಯೂಟರಿಗೆ ಇಳಿದು ಬರುವ ಆಟಗಳೂ ಹೀಗೆಯೇ ಗಂಟು ಕಟ್ಟಿಸಿಕೊಂಡು ಬರುತ್ತವೆ. ಜಿಪ್, ರಾರ್, ಸೆವೆನ್‌ಜಿಪ್ ಎಂಬ ಹೆಸರಿನ ಆ ಗಂಟುಗಳನ್ನು ಬಿಚ್ಚಿದ ಹೊರತು ಆಟವಿಲ್ಲ. ಆದರೆ ಅಕ್ಷರ, ಚಿತ್ರ, ಧ್ವನಿಗಳ ನಡುವೆ ಹಿಂಡಿ ತೆಗೆಯಬಹುದಾದ ಗಾಳಿ ಯಾವುದು? ಹಿಂಡಿದ್ದು ಎಳ್ಳಷ್ಟೂ ಕೆಡದೆ ಮರಳಿ ಅರಳುವುದು ಹೇಗೆ?

ಆ ಗಾಳಿಯ ಹೆಸರು ಪುನರುಕ್ತಿ. ದಾಸರ ಪದಗಳ ಪುಸ್ತಕವನ್ನು ತೆರೆದು ನೋಡಬೇಕು. ಪಲ್ಲವಿಯನ್ನು ಪೂರ್ಣವಾಗಿ ಅಚ್ಚು ಮಾಡಿರುವುದು ಒಮ್ಮೆ ಮಾತ್ರ. ಚರಣಗಳ ಕೊನೆಯಲ್ಲಿ ಅದನ್ನು ಮತ್ತೆ ಪೂರ್ಣವಾಗಿ ಅಚ್ಚು ಮಾಡಿರುವುದಿಲ್ಲ. ಹಾಡುವವರು ಚರಣ ಮುಗಿದೊಡನೆ ಮೇಲಕ್ಕೆ ಹೋಗಿ ಪಲ್ಲವಿಯನ್ನು ಎತ್ತಿಕೊಳ್ಳುತ್ತಾರೆ. ಕಾಗದ ಉಳಿಯಿತು, ಹಾಡಿನಲ್ಲಿ ಒಂದಕ್ಷರವೂ ಕಡಿಮೆಯಾಗಲಿಲ್ಲ. ಇಸ್ರೇಲಿನ ಹೈಫಾ ನಗರದ ಟೆಕ್ನಿಯನ್ ಸಂಸ್ಥೆಯ ವಿದ್ವಾಂಸರಾದ ಯಾಕೊಬ್ ಜಿವ್ ಮತ್ತು ಅಬ್ರಹಾಂ ಲೆಂಪೆಲ್ 1977ರಲ್ಲಿ ಪ್ರಕಟಿಸಿದ ವಿಧಾನದ ತಿರುಳು ಇದೇ. ಹಿಂದೆ ಬಂದುದೇ ಮತ್ತೆ ಬಂದರೆ ಅದನ್ನು ಪುನಃ ಬರೆಯಬೇಕಾಗಿಲ್ಲ. ‘ಇಷ್ಟು ದೂರ ಹಿಂದಕ್ಕೆ ಹೋಗು, ಇಷ್ಟು ಅಕ್ಷರಗಳನ್ನು ಎತ್ತಿಕೋ’ ಎಂದು ಎರಡು ಅಂಕಿಗಳನ್ನು ಬರೆದರೆ ಸಾಕು.

ಇದರ ಜೊತೆಗೆ ಇನ್ನೊಂದು ಉಪಾಯವೂ ಉಂಟು. ದಿನಕ್ಕೆ ನೂರು ಸಲ ಕರೆಯಬೇಕಾದ ಮಗನಿಗೆ ‘ಪುಟ್ಟ’ ಎಂಬ ಕಿರುಹೆಸರು. ವರುಷಕ್ಕೊಮ್ಮೆ ಬರುವ ಅತಿಥಿಗೆ ಉದ್ದನೆಯ ಪೂರ್ಣ ನಾಮಧೇಯ. ಹಾಗೆಯೇ ಹೆಚ್ಚು ಸಾರಿ ಬರುವ ಚಿಹ್ನೆಗೆ ಗಿಡ್ಡ ಸಂಕೇತವನ್ನೂ ಅಪರೂಪದ ಚಿಹ್ನೆಗೆ ಉದ್ದ ಸಂಕೇತವನ್ನೂ ಕೊಟ್ಟರೆ ಒಟ್ಟಿನಲ್ಲಿ ಸ್ಥಳ ಉಳಿಯುತ್ತದೆ. ಆದರೆ ಯಾವುದಕ್ಕೆ ಎಷ್ಟು ಗಿಡ್ಡದು? 1951ರಲ್ಲಿ ಅಮೆರಿಕದ ಎಂ.ಐ.ಟಿ.ಯ ಪ್ರಾಧ್ಯಾಪಕ ರಾಬರ್ಟ್ ಫಾನೊ ತಮ್ಮ ವಿದ್ಯಾರ್ಥಿಗಳ ಮುಂದೆ ಎರಡು ದಾರಿಗಳನ್ನಿಟ್ಟರು: ಅಂತಿಮ ಪರೀಕ್ಷೆಗೆ ಕೂರುವುದು, ಇಲ್ಲವೆ ಪ್ರಬಂಧ ಬರೆಯುವುದು. ಡೇವಿಡ್ ಹಫ್‌ಮನ್ ಎಂಬ ತರುಣ ಪ್ರಬಂಧವನ್ನು ಆರಿಸಿಕೊಂಡು ಈ ಸಮಸ್ಯೆಗೆ ಕೈ ಹಾಕಿದ. ಸ್ವತಃ ಗುರುವಿಗೇ ಪೂರ್ಣವಾಗಿ ಬಗೆಹರಿಯದ ಸಮಸ್ಯೆ ಅದು. ತಿಂಗಳುಗಟ್ಟಲೆ ಹೆಣಗಿ, ಇನ್ನು ಕೈಬಿಟ್ಟು ಪರೀಕ್ಷೆಗೇ ಓದಬೇಕೆಂದು ಹೊರಟ ಹೊತ್ತಿನಲ್ಲಿ ಉತ್ತರ ಹೊಳೆಯಿತು. 1952ರಲ್ಲಿ ಪ್ರಕಟವಾದ ಹಫ್‌ಮನ್ ಸಂಕೇತ ಇಂದಿಗೂ ಬಹುಪಾಲು ಜಿಪ್ ಗಂಟುಗಳೊಳಗೆ ದುಡಿಯುತ್ತಿದೆ.

ಎರಡು ಅಕ್ಷರಗಳ ಕಥೆ

ಈ ವಿದ್ಯೆಗಳನ್ನು ವಿದ್ವತ್ಪತ್ರಿಕೆಗಳಿಂದ ಜನಸಾಮಾನ್ಯರ ಮೇಜಿನ ಮೇಲಕ್ಕೆ ತಂದವರಲ್ಲಿ ಮುಖ್ಯನಾದವನು ಫಿಲ್ ಕಾಟ್ಜ್. ಅಮೆರಿಕದ ವಿಸ್ಕಾನ್ಸಿನ್ ರಾಜ್ಯದವನಾದ ಈತ ಹುಟ್ಟಿದ್ದು 1962ರಲ್ಲಿ. ಆತ ತನ್ನ ಉದ್ಯಮವನ್ನು ಆರಂಭಿಸಿದ್ದು ತಾಯಿಯ ಮನೆಯಲ್ಲೇ. ಆ ಕಾಲಕ್ಕೆ ಟೆಲಿಫೋನ್ ತಂತಿಯ ಮೂಲಕ ಕಡತಗಳನ್ನು ತರಿಸುವವರು ಪ್ರತಿ ನಿಮಿಷಕ್ಕೂ ಹಣ ತೆರಬೇಕಾಗಿತ್ತು. ಗಂಟು ಚಿಕ್ಕದಾದಷ್ಟೂ ಖರ್ಚು ಕಡಿಮೆ. ಆಗ ಎಸ್.ಇ.ಎ. ಎಂಬ ಚಿಕ್ಕ ಕಂಪೆನಿಯ ‘ಆರ್ಕ್’ ಎಂಬ ಪ್ರೋಗ್ರಾಮು ಬಳಕೆಯಲ್ಲಿತ್ತು. ಕಾಟ್ಜ್ ಅದಕ್ಕೆ ಸರಿಹೊಂದುವಂಥ, ಅದಕ್ಕಿಂತ ಬಹು ವೇಗವಾಗಿ ಓಡುವ ಪ್ರೋಗ್ರಾಮನ್ನು ಹೊರತಂದ. 1988ರಲ್ಲಿ ಎಸ್.ಇ.ಎ. ನ್ಯಾಯಾಲಯದ ಮೆಟ್ಟಿಲೇರಿತು. ಮೂಲದ ಬರವಣಿಗೆ ಕಾಟ್ಜನ ಪ್ರೋಗ್ರಾಮಿನಲ್ಲೂ ಕಾಣುತ್ತಿದೆಯೆಂದು ತಜ್ಞರು ಹೇಳಿದರು. ವ್ಯಾಜ್ಯ ರಾಜಿಯಲ್ಲಿ ಮುಗಿಯಿತು. ಕಾಟ್ಜ್ ಹಣ ತೆತ್ತು ಆ ದಾರಿಯನ್ನು ಬಿಡಬೇಕಾಯಿತು.

ಸೋತವನು ಸುಮ್ಮನೆ ಕೂರಲಿಲ್ಲ. 1989ರಲ್ಲಿ ‘ಜಿಪ್’ ಎಂಬ ಹೊಸ ಬಗೆಯ ಗಂಟನ್ನು ಹೊರತಂದು, ಅದನ್ನು ಕಟ್ಟುವ ಬಿಚ್ಚುವ ರಚನೆಯ ವಿವರವನ್ನು ಯಾರು ಬೇಕಾದರೂ ಬಳಸಲೆಂದು ಪ್ರಕಟಿಸಿಬಿಟ್ಟ. 1993ರ ಆವೃತ್ತಿಯಲ್ಲಿ ಜಿವ್-ಲೆಂಪೆಲ್ ವಿಧಾನವನ್ನೂ ಹಫ್‌ಮನ್ ಸಂಕೇತವನ್ನೂ ಕೂಡಿಸಿದ ‘ಡಿಫ್ಲೇಟ್’ ಬಂದಿತು. ಬೀಗದ ಕೈಯನ್ನು ಊರಿಗೆಲ್ಲ ಹಂಚಿದ ಈ ನಡೆಯೇ ಜಿಪ್ಪನ್ನು ಲೋಕಪ್ರಿಯಗೊಳಿಸಿತೆನ್ನಬೇಕು.

ಅದೇ 1993ರ ಡಿಸೆಂಬರ್ 10ರಂದು ‘ಡೂಮ್’ ಎಂಬ ಆಟ ಹೊರಬಂದಿತು. ಐಡಿ ಸಾಫ್ಟ್‌ವೇರ್ ಎಂಬ ಸಂಸ್ಥೆ ಅದರ ಮೊದಲ ಭಾಗವನ್ನು ಉಚಿತವಾಗಿ ಹಂಚಲು ವಿಸ್ಕಾನ್ಸಿನ್ ವಿಶ್ವವಿದ್ಯಾನಿಲಯದ ಕಂಪ್ಯೂಟರೊಂದನ್ನು ಆರಿಸಿಕೊಂಡಿತ್ತು. ಕಾದು ನಿಂತವರ ದಟ್ಟಣೆ ಎಷ್ಟಿತ್ತೆಂದರೆ ಆಟವನ್ನು ಏರಿಸಬೇಕಾದವರಿಗೇ ಒಳಗೆ ಜಾಗ ಸಿಗದಂತಾಯಿತು! ಒಂದು ಫ್ಲಾಪಿ ಡಿಸ್ಕಿನಲ್ಲಿ ಹಿಡಿಯುತ್ತಿದ್ದುದು 14,74,560 ಬೈಟುಗಳು ಮಾತ್ರವಾಗಿದ್ದ ಆ ದಿನಗಳಲ್ಲಿ ಆಟಗಳು ಗಂಟುಗಳಾಗಿಯೇ ಕೈಯಿಂದ ಕೈಗೆ ದಾಟಿದವು. 1999ರಲ್ಲಿ ಇದೇ ಸಂಸ್ಥೆ ಹೊರತಂದ ‘ಕ್ವೇಕ್ 3’ ಆಟದ ‘ಪಿಕೆ3’ ಕಡತಗಳು ಹೆಸರು ಬದಲಿಸಿಕೊಂಡ ಜಿಪ್ ಗಂಟುಗಳೇ ಆಗಿದ್ದವು.

ಬಿಚ್ಚುವಾಗ ನಡೆಯುವುದೇನು?

ಗಂಟು ಕಟ್ಟುವುದು ನಿಧಾನ, ಬಿಚ್ಚುವುದು ಬೇಗ. ಕಟ್ಟುವ ಪ್ರೋಗ್ರಾಮು ಪ್ರತಿ ಹೆಜ್ಜೆಗೂ ಹಿಂದೆ ತಿರುಗಿ ‘ಇದು ಮೊದಲೆಲ್ಲಿ ಬಂದಿತ್ತು’ ಎಂದು ಹುಡುಕಬೇಕು. ಬಿಚ್ಚುವ ಪ್ರೋಗ್ರಾಮಿಗೆ ಹುಡುಕಾಟವಿಲ್ಲ. ಹೇಳಿದ ಸ್ಥಳದಿಂದ ಎತ್ತಿ ಇಟ್ಟರಾಯಿತು. ಆದರೆ ಸಂಕೇತಗಳ ಉದ್ದ ಒಂದೊಂದಕ್ಕೂ ಬೇರೆಯಾದುದರಿಂದ ದಾರಿಯಲ್ಲಿ ಒಂದೇ ಒಂದು ಬಿಟ್ಟು ಕೆಟ್ಟರೂ ಮುಂದಿನ ಓದು ಹಳಿ ತಪ್ಪಬಹುದು. ಅದಕ್ಕಾಗಿಯೇ ಕಟ್ಟುವಾಗಲೇ ಪ್ರತಿ ಕಡತಕ್ಕೂ ಸಿ.ಆರ್.ಸಿ. ಎಂಬ ತಾಳೆಯ ಅಂಕಿಯೊಂದನ್ನು ಲೆಕ್ಕ ಹಾಕಿ ಬರೆದಿಟ್ಟಿರುತ್ತಾರೆ. ಬಿಚ್ಚಿದ ಮೇಲೆ ಅದೇ ಲೆಕ್ಕವನ್ನು ಮತ್ತೆ ಮಾಡಿದಾಗ ಅಂಕಿ ಕೂಡಿಬರದಿದ್ದರೆ ಸರಕು ಕೆಟ್ಟಿದೆಯೆಂದೇ ಅರ್ಥ. ಆಗ ಪ್ರೋಗ್ರಾಮನ್ನು ಬೈದು ಫಲವಿಲ್ಲ. ಗಂಟನ್ನು ಹೊಸದಾಗಿ ತರಿಸಿಕೊಳ್ಳಬೇಕು.

ಜಿಪ್ ಗಂಟಿನಲ್ಲಿ ಇನ್ನೊಂದು ವಿಶೇಷವಿದೆ. ಒಳಗೇನಿದೆಯೆಂಬ ಪಟ್ಟಿ ಇರುವುದು ಅದರ ಕೊನೆಯಲ್ಲಿ. ಇಳಿಸಿಕೊಳ್ಳುವಾಗ ವಿದ್ಯುತ್ತು ಹೋಗಿ ಕಡತ ನೂರಕ್ಕೆ ತೊಂಬತ್ತೊಂಬತ್ತು ಪಾಲು ಬಂದು ನಿಂತರೂ ಪಟ್ಟಿಯೇ ಇಲ್ಲದ್ದರಿಂದ ‘ಇದು ಜಿಪ್ಪೇ ಅಲ್ಲ’ ಎಂಬ ಉತ್ತರ ಬರುವುದುಂಟು. ದೊಡ್ಡ ಆಟಗಳನ್ನು ಹಲವು ತುಂಡುಗಳಾಗಿ ಕಟ್ಟಿದ್ದರೆ ಎಲ್ಲ ತುಂಡುಗಳನ್ನೂ ಒಂದೇ ಕಡೆ ಇಟ್ಟುಕೊಂಡಿರಬೇಕು. ನಡುವಿನ ಒಂದು ತುಂಡು ತಪ್ಪಿದರೂ ಕೆಲಸ ಕೆಟ್ಟಿತು. ಬಿಚ್ಚುವ ಹೊತ್ತಿನಲ್ಲಿ ಗಂಟು, ಗಂಟಿನೊಳಗಿನ ಸರಕು ಎರಡೂ ಡಿಸ್ಕಿನ ಮೇಲಿರುವುದರಿಂದ ಎರಡಕ್ಕೂ ಸಾಲುವಷ್ಟು ಜಾಗವಿರಬೇಕು. ಇನ್ನು, ಒಮ್ಮೆ ಹಿಂಡಿದ್ದನ್ನು ಮತ್ತೆ ಹಿಂಡಿದರೆ ಲಾಭವಿಲ್ಲ: ಪುನರುಕ್ತಿ ಮುಗಿದ ಮೇಲೆ ಕಬ್ಬಿನ ಸಿಪ್ಪೆಯಲ್ಲಿ ರಸವೆಲ್ಲಿಂದ ಬರಬೇಕು?

ಅಪರಿಚಿತನ ಗಂಟು

ಅಪರಿಚಿತ ಪ್ರಯಾಣಿಕನ ಗಂಟನ್ನು ಯಾರೂ ಮನೆಯೊಳಗೆ ಒಯ್ದು ಬಿಚ್ಚುವುದಿಲ್ಲ. ಕಂಪ್ಯೂಟರಿನ ಮುಂದೆ ಮಾತ್ರ ಈ ವಿವೇಕ ಮರೆತುಹೋಗುತ್ತದೆ. ಸಾವಿರಾರು ರೂಪಾಯಿ ಬೆಲೆಯ ಆಟ ಪುಕ್ಕಟೆ ಎಂದು ಕಂಡರೆ ಹುಡುಗರು ಹಿಂದುಮುಂದು ನೋಡುವುದಿಲ್ಲ. ‘ಬಿಚ್ಚುವ ಮುನ್ನ ವೈರಸ್ ಕಾವಲನ್ನು ಆರಿಸಿರಿ’ ಎಂಬ ಸೂಚನೆ ಜೊತೆಗಿದ್ದರೆ ಅದನ್ನೂ ಪಾಲಿಸಿಬಿಡುತ್ತಾರೆ! ಕಳ್ಳನೇ ಬಂದು ನಾಯಿಯನ್ನು ಕಟ್ಟಿಹಾಕೆಂದು ಹೇಳಿದಂತೆ ಅದು. ಅದೇ ಕಂಪ್ಯೂಟರಿನಲ್ಲಿ ತಂದೆಯ ಬ್ಯಾಂಕಿನ ವ್ಯವಹಾರವೂ ಅಕ್ಕನ ಪರೀಕ್ಷೆಯ ಟಿಪ್ಪಣಿಗಳೂ ಇರುತ್ತವೆ. 2019ರಲ್ಲಿ ಭದ್ರತಾ ಸಂಶೋಧಕರು ‘ವಿನ್‌ರಾರ್’ ಪ್ರೋಗ್ರಾಮಿನಲ್ಲಿ ಸುಮಾರು 19 ವರ್ಷಗಳಿಂದ ಅಡಗಿದ್ದ ದೋಷವೊಂದನ್ನು ಹೊರಗೆಡಹಿದರು. ಕುತಂತ್ರದಿಂದ ಕಟ್ಟಿದ ಗಂಟನ್ನು ಬಿಚ್ಚಿದ ಮಾತ್ರಕ್ಕೆ, ಯಂತ್ರ ಮರುದಿನ ಎಚ್ಚರಗೊಳ್ಳುವಾಗ ತಾನಾಗಿ ಓಡುವ ಸ್ಥಳದಲ್ಲಿ ದುಷ್ಟ ಕಡತವನ್ನು ಇಡಲು ಆ ದೋಷ ಎಡೆಗೊಡುತ್ತಿತ್ತು. ದೋಷವನ್ನು ಕೂಡಲೆ ತಿದ್ದಲಾಯಿತು. ಆದರೆ ಹಳೆಯ ಪ್ರತಿಯನ್ನೇ ಇಟ್ಟುಕೊಂಡವರಿಗೆ ಆ ತಿದ್ದುಪಡಿಯಿಂದ ಏನು ಪ್ರಯೋಜನ? ಆಟವನ್ನು ಅದನ್ನು ಮಾಡಿದವರಿಂದಲೇ ಪಡೆಯುವುದು, ಬಿಚ್ಚುವ ಪ್ರೋಗ್ರಾಮನ್ನು ಹೊಸದಾಗಿಟ್ಟುಕೊಳ್ಳುವುದು, ಕಾವಲನ್ನು ಆರಿಸದಿರುವುದು: ಇಷ್ಟು ಎಚ್ಚರ ಪ್ರತಿ ಮನೆಗೂ ಬೇಕು.

ಲೋಕಕ್ಕೆ ಗಂಟು ಕಟ್ಟಲು ಕಲಿಸಿದ ಫಿಲ್ ಕಾಟ್ಜ್‌ಗೆ ತನ್ನ ಬಾಳಿನ ಗಂಟು ಮಾತ್ರ ಬಿಡಿಸಲಾಗಲಿಲ್ಲ. ಹಣ ಬಂದಿತು, ಕೀರ್ತಿ ಬಂದಿತು; ಅವುಗಳ ಜೊತೆಗೆ ಏಕಾಂತವೂ ಕುಡಿತವೂ ಬೆಳೆದವು. 2000ದ ಏಪ್ರಿಲ್ 14ರಂದು ಮಿಲ್ವಾಕಿ ನಗರದ ಹೋಟೆಲೊಂದರ ಕೋಣೆಯಲ್ಲಿ ಆತ ಒಬ್ಬಂಟಿಗನಾಗಿ ಸತ್ತುಬಿದ್ದಿದ್ದ. ಆಗ ವಯಸ್ಸು 37. ಆದರೂ ಜಿಪ್ ಗಂಟಿನ ಒಡಲನ್ನು ತೆರೆದು ನೋಡಿದರೆ ಮೊದಲಿಗೆ ಕಾಣುವ ಎರಡು ರೋಮನ್ ಅಕ್ಷರಗಳು ‘ಪಿ’ ಮತ್ತು ‘ಕೆ’: ಅವನ ಹೆಸರಿನ ಮೊದಲಕ್ಷರಗಳು. ಆಟದ ಗಂಟುಗಳಲ್ಲಿ ಮಾತ್ರವಲ್ಲ, ಕಚೇರಿಯ ವರ್ಡ್ ಕಡತ, ಮೊಬೈಲಿನ ಆಂಡ್ರಾಯ್ಡ್ ಆ್ಯಪ್, ಈಪಬ್ ರೂಪದ ಕನ್ನಡ ಇ-ಪುಸ್ತಕ ಇವೆಲ್ಲವೂ ಒಳಗೆ ಜಿಪ್ ಗಂಟುಗಳೇ. ಓದುವವರ, ಆಡುವವರ ಕಣ್ಣಿಗೆ ಬೀಳದೆ ಆ ಎರಡು ಅಕ್ಷರಗಳು ಅವುಗಳ ತಲೆಯಲ್ಲಿ ಕುಳಿತಿವೆ.