ಬಿಳಿ ಮೀನಿನ ಹಿಂದಿನ ಕಥೆ

ಮುಳ್ಳು ತೆಗೆದ ಕಾಡ್ ಮೀನಿನ ತುಂಡಿಗೆ ಉಪ್ಪು, ಬೆಣ್ಣೆ, ನಿಂಬೆರಸ ಸವರಿ 200 ಡಿಗ್ರಿ ಶಾಖದ ಓವನ್‌ನಲ್ಲಿ ಕಾಲು ಗಂಟೆ ಇಟ್ಟರಾಯಿತು. ದುಡಿದು ದಣಿದು ಬಂದ ಕೆನಡಾದವರ ರಾತ್ರಿಯೂಟ ಸಿದ್ಧ. ನಮ್ಮ ಕರಾವಳಿಯ ಮೀನುಸಾರು ಉಂಡವರಿಗೆ ಇದು ಸಪ್ಪೆ ಎನಿಸೀತು. ಇದರ ಹಿಂದಿನ ಕಥೆ ಮಾತ್ರ ಸಪ್ಪೆಯದಲ್ಲ.

ಕಾಡ್ ಕಡಲತಳದ ಮೀನು. ಬಂಗುಡೆಯಂತೆ ಅದು ಬಿಡುವಿಲ್ಲದೆ ಈಜುವುದಿಲ್ಲ. ಹಾಗಾಗಿ ಸ್ನಾಯುವಿನಲ್ಲಿ ಆಮ್ಲಜನಕ ಹಿಡಿದಿಡುವ ಕೆಂಪು ದ್ರವ್ಯ ಕಡಿಮೆ, ಮಾಂಸ ಬಿಳಿ. ಕೊಬ್ಬು ಶೇಖರವಾಗುವುದು ಯಕೃತ್ತಿನಲ್ಲಿ. ಮಕ್ಕಳ ಮೂಗು ಹಿಡಿದು ಕುಡಿಸುತ್ತಿದ್ದ ಕಾಡ್ ಲಿವರ್ ಎಣ್ಣೆ ಅದೇ! ಸ್ನಾಯುಪದರಗಳನ್ನು ಬೆಸೆದ ತೆಳುಪೊರೆ ಸ್ವಲ್ಪ ಶಾಖಕ್ಕೇ ಕರಗುವುದರಿಂದ ಮಾಂಸ ಬೇಗ ಬೆಂದು ಎಸಳೆಸಳಾಗಿ ಬಿಡುತ್ತದೆ. ಐದು ನಿಮಿಷ ಮರೆತಿರೋ, ಒಣಗಿದ ನಾರು.

ಲ್ಯಾಬ್ರಡಾರ್‌ನ ಇನ್ಯೂಟ್ ಜನ ಚಳಿಗಾಳಿಯಲ್ಲಿ ಮೀನು ಹೆಪ್ಪುಗಟ್ಟಿಸುವುದನ್ನು ಕಂಡ ಅಮೆರಿಕದ ಕ್ಲಾರೆನ್ಸ್ ಬರ್ಡ್ಸ್‌ಐ, 1920ರ ದಶಕದಲ್ಲಿ ಅದಕ್ಕೆ ಯಂತ್ರ ರೂಪಿಸಿದ. ಕಡಲು ಕಾಣದ ಅಡುಗೆಮನೆಗೂ ಬಿಳಿ ಮೀನು ಬಂತು. ಮುಂದೆ, ಹಡಗಿನಲ್ಲೇ ಮೀನು ಹೆಪ್ಪುಗಟ್ಟಿಸುವ ಭಾರೀ ಟ್ರಾಲರುಗಳು ನ್ಯೂಫೌಂಡ್‌ಲ್ಯಾಂಡ್ ಕಡಲನ್ನು ಬಾಚಿದವು. 1968ರಲ್ಲಿ ಸಿಕ್ಕ ಕಾಡ್ ಸುಮಾರು 8 ಲಕ್ಷ ಟನ್. 1992ರಲ್ಲಿ ಕೆನಡಾ ಸರ್ಕಾರ ಅಲ್ಲಿ ಕಾಡ್ ಹಿಡಿಯುವುದನ್ನೇ ನಿಷೇಧಿಸಿತು. ಸುಮಾರು 30 ಸಾವಿರ ಮಂದಿಯ ಕೆಲಸ ಹೋಯಿತು. ಎರಡು ವರ್ಷಕ್ಕೆಂದು ಹೇರಿದ ನಿಷೇಧ ತೆರವಾದದ್ದು 2024ರಲ್ಲಿ, ಅದೂ 18 ಸಾವಿರ ಟನ್ನಿನ ಮಿತಿಯೊಂದಿಗೆ.