ಹೆಣಗಳನ್ನು ಎಬ್ಬಿಸಿದವನು ಹೆಸರು ಬೇಡವೆಂದ!

ಹೀರೋ ಯಾರು, ಫೈಟಿಂಗ್ ಹೇಗಿದೆ? ಮ್ಯಾಟಿನಿ ಬಿಟ್ಟು ಹೊರಬಂದವರನ್ನು ನಾವು ಕೇಳೋದು ಇಷ್ಟೇ. ಕಥೆ ಯಾರದ್ದು ಅಂತ ಕೇಳಿದವರುಂಟೇ? ಟೈಟಲ್ ಓಡುವಾಗ ನಾವಿನ್ನೂ ಕತ್ತಲಲ್ಲಿ ಸೀಟು ತಡಕುತ್ತಿರುತ್ತೇವೆ. ಇಟಲಿಯ ಭಯಾನಕ ಚಿತ್ರಗಳ ಕಥೆಗಾರ ದಾರ್ದಾನೊ ಸಕ್ಕೆಟ್ಟಿಯ ವಿಷಯದಲ್ಲಂತೂ ಟೈಟಲನ್ನು ಕಣ್ಣು ಮಿಟುಕಿಸದೆ ನೋಡಿದರೂ ಕೆಲವೊಮ್ಮೆ ಪ್ರಯೋಜನವಿಲ್ಲ. ಆತನ ಬಹು ಪ್ರಸಿದ್ಧ ಚಿತ್ರದಲ್ಲೇ ಆತನ ಹೆಸರಿಲ್ಲ!

ಆ ಚಿತ್ರ 1979ರ 'ಜೋಂಬಿ 2'. ಹಿಂದಿನ ವರ್ಷ ಅಮೆರಿಕದ ಜಾರ್ಜ್ ರೊಮೆರೊ ತೆಗೆದ ಚಿತ್ರವೊಂದು ಇಟಲಿಯಲ್ಲಿ 'ಜೋಂಬಿ' ಎಂಬ ಹೆಸರಿನಲ್ಲಿ ತೆರೆಕಂಡು ಹಣ ಬಾಚಿತ್ತು. ರೋಮಿನ ನಿರ್ಮಾಪಕರು ಸುಮ್ಮನಿರುತ್ತಾರೆಯೇ? ಕಥೆಗೆ ಕಥೆ ಸಂಬಂಧವಿಲ್ಲದಿದ್ದರೂ ಪಕ್ಕದಲ್ಲಿ '2' ಅಂಟಿಸಿಯೇ ಬಿಟ್ಟರು. ನಿರ್ದೇಶಕ ಲೂಚಿಯೊ ಫುಲ್ಚಿ. ನಡೆಸುವವರಿಲ್ಲದ ಹಾಯಿದೋಣಿಯೊಂದು ನ್ಯೂಯಾರ್ಕ್ ಬಂದರಿಗೆ ತೇಲಿ ಬರುತ್ತೆ. ಒಳಗಿರೋದು ಹೆಣ, ಎದ್ದು ಮೈಮೇಲೆ ಬೀಳುವ ಹೆಣ! ಅಲ್ಲಿಂದ ಕಥೆ ಕೆರಿಬಿಯನ್ ದ್ವೀಪಕ್ಕೆ. ಸಮುದ್ರದಡಿ ಹೆಣಕ್ಕೂ ಶಾರ್ಕ್ ಮೀನಿಗೂ ಕುಸ್ತಿ. ಡಾಕ್ಟರ ಹೆಂಡತಿಯ ಜುಟ್ಟು ಹಿಡಿದೆಳೆದಾಗ ಮುರಿದ ಬಾಗಿಲಿನ ಸೀಳು ಮೆಲ್ಲಮೆಲ್ಲಗೆ ಆಕೆಯ ಕಣ್ಣಿನತ್ತ... ಅಬ್ಬಾ! ಕೊನೆಗೆ ಬ್ರೂಕ್ಲಿನ್ ಸೇತುವೆಯ ಮೇಲೆ ಹೆಣಗಳ ಮೆರವಣಿಗೆ. (ಕೆಳಗಡೆ ಕಾರುಗಳು ಮಾತ್ರ ಏನೂ ಆಗದ ಹಾಗೆ ಓಡಾಡ್ತಿವೆ!)

ಇದನ್ನು ಬರೆದವರು ಯಾರು? ಟೈಟಲಿನಲ್ಲಿರೋದು ಎಲಿಸಾ ಬ್ರಿಗಾಂಟಿ. ಆಕೆ ಸಕ್ಕೆಟ್ಟಿಯ ಮಡದಿ. ಬರೆದದ್ದು ಇಬ್ಬರೂ ಕೂಡಿಯೇ. ಆದರೆ ಅದೇ ಹೊತ್ತಿಗೆ ಸಕ್ಕೆಟ್ಟಿಯ ತಂದೆ ತೀರಿಕೊಂಡರು. ಸತ್ತವರು ಮಣ್ಣಿನಿಂದ ಎದ್ದು ಬರುವ ಚಿತ್ರಕ್ಕೆ ತನ್ನ ಹೆಸರು ಬೇಡ ಎಂದುಬಿಟ್ಟ. ಹೆಣದ ಕಥೆ ಬರೆದು ಸಂಸಾರ ನಡೆಸುವವನಿಗೂ ಅಪ್ಪನ ಸಾವು ಬೇರೆಯೇ ಅಲ್ಲವೇ? ಚಿತ್ರ ದೇಶದೇಶ ಸುತ್ತಿತು. ಹೆಸರು ಬರಲಿಲ್ಲ.

1944ರಲ್ಲಿ ಮಾಂಟೆನೆರೊ ದಿ ಬಿಸಾಚಿಯಾ ಎಂಬ ಊರಿನಲ್ಲಿ ಹುಟ್ಟಿದ ಸಕ್ಕೆಟ್ಟಿಗೆ 1971 ಬಾಗಿಲು ತೆರೆಯಿತು. ದಾರಿಯೊ ಅರ್ಜೆಂಟೊನ 'ದಿ ಕ್ಯಾಟ್ ಓ ನೈನ್ ಟೇಲ್ಸ್' ಚಿತ್ರದ ಕಥೆಯಲ್ಲಿ ಆತನೂ ಒಬ್ಬ. ಚಿತ್ರಕಥೆಗೆ ಮಾತ್ರ ಅರ್ಜೆಂಟೊನೊಬ್ಬನದೇ ಹೆಸರು. ಅದೇ ವರ್ಷ ಮಾರಿಯೊ ಬಾವಾನ 'ಎ ಬೇ ಆಫ್ ಬ್ಲಡ್' ಕಥೆಯಲ್ಲೂ ಪಾಲು. ಸಮುದ್ರದಂಡೆಯ ಆಸ್ತಿಗಾಗಿ 13 ಕೊಲೆ! ಮಂಚದ ಮೇಲಿನ ಪ್ರೇಮಿಗಳಿಬ್ಬರನ್ನು ಒಂದೇ ಈಟಿಯಲ್ಲಿ ಪೋಣಿಸುವ ದೃಶ್ಯವಿದೆಯಲ್ಲ, ಅದು 1981ರಲ್ಲಿ ಅಮೆರಿಕದ 'ಫ್ರೈಡೇ ದಿ 13ತ್' ಎರಡನೇ ಭಾಗದಲ್ಲಿ ಹಾಗ್ಹಾಗೇ ಕಾಣುತ್ತದೆ. ಇಟಲಿಯವರು ಬರೀ ಕಾಪಿ ಹೊಡೀತಾರೆ ಅನ್ನೋರು ಇದನ್ನೂ ಒಮ್ಮೆ ನೋಡಲಿ.

ಹಾಗಂತ ಅವರು ಹೊಡೆದಿಲ್ಲವೆಂದಲ್ಲ. 1982ರ '1990: ದಿ ಬ್ರಾಂಕ್ಸ್ ವಾರಿಯರ್ಸ್' ಸಕ್ಕೆಟ್ಟಿ ದಂಪತಿ ನಿರ್ದೇಶಕ ಕಾಸ್ಟೆಲಾರಿಯೊಂದಿಗೆ ಬರೆದ ಭವಿಷ್ಯದ ಕಥೆ. 'ಎಸ್ಕೇಪ್ ಫ್ರಂ ನ್ಯೂಯಾರ್ಕ್' ವಾಸನೆ ಮೈಲಿ ದೂರಕ್ಕೆ ಬಡಿಯುತ್ತೆ. ಬೈಕುಗಳಿವೆ, ಹೊಡೆದಾಟವಿದೆ, ನನಗಂತೂ ಸಪ್ಪೆ. ಫುಲ್ಚಿಯ 'ದಿ ಬಿಯಾಂಡ್' (1981) ಮುಂದೆ ಅದನ್ನು ಇಡೋಕಾಗಲ್ಲ. ಹಳೇ ಹೋಟೆಲಿನ ನೆಲಮಾಳಿಗೆಯೇ ನರಕದ ಬಾಗಿಲು! ಇದು 1983ರಲ್ಲಿ ಅಮೆರಿಕಕ್ಕೆ ಹೋದಾಗ ಚಿತ್ರದ ಹೆಸರಷ್ಟೇ ಅಲ್ಲ, ನಿರ್ದೇಶಕನ ಹೆಸರೂ ಬದಲಾಗಿ ಫುಲ್ಚಿ 'ಲೂಯಿಸ್ ಫುಲ್ಲರ್' ಆದ.

ನನ್ನ ಮಟ್ಟಿಗೆ ಆತನ ಕಥೆಗಳಲ್ಲಿ ಕಿರೀಟ 1985ರ 'ಡೆಮನ್ಸ್'. ನಿರ್ದೇಶಕ ಬಾವಾನ ಮಗ ಲಾಂಬರ್ಟೊ, ನಿರ್ಮಾಪಕ ಅದೇ ಅರ್ಜೆಂಟೊ. ಬರ್ಲಿನ್ನಿನಲ್ಲಿ ಅರ್ಧ ಮುಖಕ್ಕೆ ಲೋಹದ ಮುಖವಾಡ ಹಾಕಿದವನೊಬ್ಬ ಫ್ರೀ ಟಿಕೆಟ್ ಹಂಚುತ್ತಾನೆ. ಜನ ಥಿಯೇಟರಿಗೆ ನುಗ್ತಾರೆ. ತೆರೆಯ ಮೇಲಿನ ಚಿತ್ರದಲ್ಲಿ ಮುಖವಾಡ ಗೀರಿದವನು ಪಿಶಾಚಿಯಾಗ್ತಾನೆ. ಲಾಬಿಯಲ್ಲಿ ಅಂಥದೇ ಮುಖವಾಡ ಹಾಕಿ ನೋಡಿದ ಹುಡುಗಿಗೂ ಅದೇ ಗತಿ. ಅವಳಿಂದ ಪೆಟ್ಟು ತಿಂದ ಇನ್ನೊಬ್ಬಳು ಪರದೆಯನ್ನೇ ಹರಿದುಕೊಂಡು ಜನರ ಮಧ್ಯೆ ಬೀಳುತ್ತಾಳೆ. ಓಡೋಣವೆಂದರೆ ಬಾಗಿಲ ಹಿಂದೆ ಗೋಡೆ! ಸಿನಿಮಾ ಹುಚ್ಚರನ್ನು ಹೆದರಿಸೋಕೆ ಇದಕ್ಕಿಂತ ಜಾಗ ಬೇಕೇ?

ಮರುವರ್ಷ 'ಡೆಮನ್ಸ್ 2'ರಲ್ಲಿ ಪಿಶಾಚಿ ಟಿ.ವಿ.ಯೊಳಗಿಂದ ಬಂತು. ಆ ಹೊತ್ತಿಗೆ ಇಟಲಿಯ ಪ್ರೇಕ್ಷಕರೂ ಥಿಯೇಟರ್ ಬಿಟ್ಟು ಟಿ.ವಿ. ಮುಂದೆ ಕೂರತೊಡಗಿದ್ದರು. ಸಕ್ಕೆಟ್ಟಿ, ಲಾಂಬರ್ಟೊ ಇಬ್ಬರೂ ಟಿ.ವಿ.ಗೇ ಭಯಾನಕ ಚಿತ್ರ ಮಾಡಲು ಹೊರಟರು.